ಪಂಜರದ ಗಿಣಿಯ ಮಾತು

ಗಿಣಿಯನ್ನು ಪಂಜರದಲ್ಲಿಟ್ಟು ಮಾತು ಕಲಿಸುವ ವಾಡಿಕೆಯು ನಮ್ಮ ದೇಶದಲ್ಲಿ ಬಹು ಪುರಾತನವಾದುದು. ವಾತ್ಸ್ಯಾಯನನು ಎಣಿಸಿರುವ 64 ಕಲೆಗಳಲ್ಲಿ ಶುಕಸಾರಿಕಾಪ್ರಲಾಪನವೆಂಬುದೂ ಒಂದು. ಅವನು ವರ್ಣಿಸುವ ನಾಗರಕನು ಮಧ್ಯಾಹ್ನದ ಭೋಜನವಾದ ಮೇಲೆ ಗಿಣಿ ಗೊರವಂಕಗಳಿಗೆ ಮಾತು ಹೇಳಿಕೊಡುತ್ತಾನೆ. ಅವನ ಶಯ್ಯಾಗೃಹದ ಹೊರಗೆ ಗೋಡೆಯ ಗೂಟಗಳಲ್ಲಿ ಕ್ರೀಡಾಪಕ್ಷಿಗಳ ಪಂಜರಗಳು ತೂಗುತ್ತಿರುತ್ತವೆ. ಅಂದಿನಿಂದ ನಮ್ಮ ತಾತಂದಿರ ಜಗುಲಿಯವರೆಗೆ ಆ ಪಂಜರವು ತೂಗುತ್ತಲೇ ಬಂದಿದೆ. ಗ್ರಂಥಗಳನ್ನು ತಿರುವಿದರೆ ಗಿಣಿಯು ಆಡಿದ ಮಾತು ಹೇರಳವಾಗಿ ಸಿಕ್ಕುತ್ತದೆ. ಅದರ ಮನಸ್ಸಿನಲ್ಲಿ ಏನಿತ್ತೆಂಬುದನ್ನು ಕುರಿತ ಮಾತು ಬಹು ಅಪೂರ್ವ. ಆ ಅಪೂರ್ವವಾದುದನ್ನು ಹುಡುಕಿ ವಾಚಕರ ಮುಂದಿಡಬೇಕೆಂಬುದು ಈ ಲೇಖನದ ಉದ್ದೇಶ.

ಮೊದಲು ಹೇರಳವಾಗಿರುವುದನ್ನು ನೋಡೋಣ. ಮೃಚ್ಛಕಟಿಕದಲ್ಲಿ ವಸಂತಸೇನೆಯ ಮನೆಯ ಏಳನೆಯ ಅಂಗಳವೆಲ್ಲ ಪಂಜರಗಳಿಂದ ತುಂಬಿದೆ. ಅಲ್ಲಿಯ ಗಿಣಿಯು ಮೊಸರನ್ನವನ್ನು ಹೊಟ್ಟೆ ತುಂಬ ಉಂಡ ಬ್ರಾಹ್ಮಣನಂತೆ ಸೂಕ್ತವನ್ನು ಪಠಿಸುತ್ತಿದೆಯೆಂದು ವಿದೂಷಕನು ಹಾಸ್ಯಮಾಡುತ್ತಾನೆ. (ಪಾಠಶಾಲೆಯಲ್ಲಿ ಈ ಭಾಗ ಬಂದಾಗ ನಾವು ಒಬ್ಬರ ಮುಖವನ್ನೊಬ್ಬರು ನೋಡಿಕೊಂಡು ನಕ್ಕದ್ದುಂಟು, ಊಟಕ್ಕೆ ನಮಗೂ ದಿನವೂ ಅದೇ ಮೊಸರನ್ನ.) ಅಮರುಕನ ಗಿಣಿಯು ರಾತ್ರಿ ದಂಪತಿಗಳಾಡಿದ ಏಕಾಂತದ ಮಾತನ್ನು ಬೆಳಗ್ಗೆ ಅತ್ತೆಮಾವಂದಿರ ಎದುರಿನಲ್ಲಿ ಒಪ್ಪಿಸುತ್ತದೆ, ನಾಚಿದ ಸೊಸೆಯು ಕಿವಿಯ ಕೆಂಪಿನ ಹರಳನ್ನು ದಾಳಿಂಬೆಯ ಬೀಜದ ನೆಪದಿಂದ ಅದರ ಕೊಕ್ಕಿಗಿಟ್ಟು ಬಾಯಿ ಮುಚ್ಚಿಸುತ್ತಾಳೆ. ಹರ್ಷನ ರತ್ನಾವಳಿಯಲ್ಲಿ ಮೊಸರನ್ನದ ಆಸೆಗೆ ಬಂದ ಕೋತಿಯೊಂದು ಪಂಜರದ ಬಾಗಿಲನ್ನು ತೆರೆದುಬಿಡುತ್ತದೆ. ಒಳಗಿದ್ದ ಸಾರಿಕೆಯು ಹಾರಿಹೋಗಿ ಬಕುಲವೃಕ್ಷದ ಮೇಲೆ ಕುಳಿತು, ಬಿಡುಗಡೆಯಾದ ಆ ಗಳಿಗೆಯಲ್ಲಿಯೂ ನಾಯಿಕೆಯ ಪ್ರೇಮದ ಗುಟ್ಟನ್ನೇ ನುಡಿಯುತ್ತದೆ. ಮಾಧವಕೃತವೆಂದು ಪ್ರಸಿದ್ಧವಾದ ಶಂಕರವಿಜಯದಲ್ಲಿ ಮಂಡನಮಿಶ್ರನ ಮನೆಯ ಗುರುತೇ ಗಿಣಿಗಳು: ಯಾವ ಬಾಗಿಲಲ್ಲಿ ಪಂಜರದ ಪಕ್ಷಿಗಳು ಸ್ವತಃಪ್ರಾಮಾಣ್ಯ ಪರತಃಪ್ರಾಮಾಣ್ಯಗಳನ್ನು ಚರ್ಚಿಸುತ್ತಿರುವುವೋ ಅದೇ ಪಂಡಿತನ ಮನೆಯೆಂದು ನೀರಿಗೆ ಬಂದ ದಾಸಿಯರು ಆಚಾರ್ಯರಿಗೆ ಹೇಳುತ್ತಾರೆ. ಇವೆಲ್ಲವೂ ರಮ್ಯವಾದ ಚಿತ್ರಗಳೇ. ಆದರೆ ಇವುಗಳಲ್ಲಿ ಗಿಣಿಯು ಕನ್ನಡಿಯ ಕೆಲಸವನ್ನು ಮಾಡುತ್ತದೆಯೇ ಹೊರತು ಬೇರೇನನ್ನೂ ಅಲ್ಲ. ವೇಶ್ಯೆಯ ಮನೆಯಲ್ಲಿ ವಿಲಾಸ, ಹೊಸ ದಂಪತಿಗಳ ಮನೆಯಲ್ಲಿ ಶೃಂಗಾರ, ಮೀಮಾಂಸಕನ ಮನೆಯಲ್ಲಿ ಪ್ರಮಾಣವಿಚಾರ. ಎದುರಿಗೆ ಯಾರು ನಿಂತರೆ ಅವರ ಬಿಂಬ.

ಶಾಸನಕರ್ತರ ದೃಷ್ಟಿಯಾದರೂ ಬೇರೆಯಾಗಿತ್ತೇ ಎಂದರೆ, ಅರ್ಧ ಮಾತ್ರ ಬೇರೆಯಾಗಿತ್ತು. ಕೌಟಲ್ಯನು ಹಿಂಸೆಯಿಂದ ರಕ್ಷಿಸತಕ್ಕ ಪಕ್ಷಿಗಳಲ್ಲಿ ಗಿಣಿಯನ್ನು ಸೇರಿಸಿದ್ದಾನೆ. ಅದೇ ಗ್ರಂಥದಲ್ಲಿ, ಹಾವಿನ ವಿಷದ ಶಂಕೆಯಿದ್ದಲ್ಲಿ ಗಿಣಿಯು ಕೂಗುವುದಾದುದರಿಂದ ಅರಮನೆಯಲ್ಲಿ ಅದು ಇರಲಿ ಎಂದೂ ಹೇಳಿದ್ದಾನೆ. ಅಶೋಕನು ಪಟ್ಟಾಭಿಷಿಕ್ತನಾದ 26 ವರ್ಷಗಳ ಮೇಲೆ ಬರೆಯಿಸಿದ ಐದನೆಯ ಸ್ತಂಭಶಾಸನವು ಇನ್ನೂ ವಿಚಾರಾರ್ಹವಾದುದು. ಕೊಲ್ಲಕೂಡದ ಪ್ರಾಣಿಗಳ ಪಟ್ಟಿಯೊಂದು ಅದರಲ್ಲಿದೆ. ಆ ಪಟ್ಟಿಯ ಮೊದಲನೆಯ ಹೆಸರೇ ಗಿಣಿ, ಎರಡನೆಯದು ಸಾರಿಕೆ. ಶಾಸನವು ಮುಗಿಯುವುದು ಮತ್ತೊಂದು ವಿಷಯದಿಂದ: ಆವರೆಗೆ 25 ಸಲ ಸೆರೆಯಾಳುಗಳ ಬಿಡುಗಡೆಯನ್ನು ಮಾಡಿಸಿದ್ದೇನೆಂದು ಚಕ್ರವರ್ತಿಯು ಹೇಳಿಕೊಳ್ಳುತ್ತಾನೆ. ಒಂದೇ ಶಿಲೆಯ ಮೇಲೆ ಮೊದಲಲ್ಲಿ ಗಿಣಿ, ಕೊನೆಯಲ್ಲಿ ಸೆರೆಮನೆಯ ಬಾಗಿಲು. ಈ ಎರಡನ್ನೂ ಕೂಡಿಸುವ ಒಂದು ಪದ ಮಾತ್ರ ನಡುವೆ ಇಲ್ಲ. ಕೊಲೆಯು ಹಿಂಸೆಯೆಂಬುದು ಆ ಧರ್ಮಿಷ್ಠನಿಗೆ ಕಂಡಿತು. ಪಂಜರವನ್ನು ಕುರಿತು ಆ ಶಿಲೆಯಲ್ಲಿ ಏನೂ ಇಲ್ಲ.

ಆ ಪದವನ್ನು ಹೇಳಿದವರು ಜೈನಾಚಾರ್ಯರು. ಇಲ್ಲಿ ನಮ್ಮ ಸೀಮೆಯ ಪ್ರಸ್ತಾಪವನ್ನು ಮಾಡಬೇಕಾಗಿದೆ. ನೆಲಮಂಗಲ ತಾಲ್ಲೂಕಿನ ಮಣ್ಣೆಯು ಇಂದು ಒಂದು ಹಳ್ಳಿ. 8ನೆಯ ಶತಮಾನದಲ್ಲಿ ಅದೇ ಮಾನ್ಯಪುರವೆಂಬ ಹೆಸರಿನಿಂದ ಗಂಗ ಶ್ರೀಪುರುಷನ ರಾಜಧಾನಿಯಾಗಿತ್ತು. ಅಲ್ಲಿಯ ಜಿನಾಲಯಕ್ಕೆ ಬಿಟ್ಟ ದತ್ತಿಗಳ ತಾಮ್ರಶಾಸನಗಳು ದೊರೆತಿವೆ. ಆ ಕಾಲದ ಬಸದಿಗಳಲ್ಲಿ ಓದುತ್ತಿದ್ದ ಶಾಸ್ತ್ರಗಳಲ್ಲಿ ಮುಖ್ಯವಾದುದು ತತ್ತ್ವಾರ್ಥಸೂತ್ರ. ಅದಕ್ಕೆ ಸರ್ವಾರ್ಥಸಿದ್ಧಿಯೆಂಬ ವ್ಯಾಖ್ಯಾನವನ್ನು ಬರೆದ ಪೂಜ್ಯಪಾದರ ಹೆಸರನ್ನು ಸಂಪ್ರದಾಯವು ಈ ಗಂಗರಾಜ್ಯದೊಡನೆ ಸೇರಿಸಿಯೇ ಹೇಳುತ್ತದೆ. ಗೃಹಸ್ಥನ ಅಹಿಂಸಾವ್ರತಕ್ಕೆ ಭಂಗ ತರುವ ಐದು ದೋಷಗಳನ್ನು ಸೂತ್ರವು ಎಣಿಸುತ್ತದೆ: ಬಂಧ, ಹೊಡೆತ, ಅಂಗಚ್ಛೇದ, ಅತಿಭಾರವನ್ನು ಹೊರಿಸುವುದು, ಅನ್ನಪಾನಗಳನ್ನು ತಡೆಯುವುದು. ಬಂಧವೇ ಇವುಗಳಲ್ಲಿ ಮೊದಲನೆಯದು! ಈ ಬಂಧವೆಂದರೇನೆಂಬುದಕ್ಕೆ ಪೂಜ್ಯಪಾದರು ಕೊಡುವ ಅರ್ಥ ಇಷ್ಟೇ: ಜೀವಿಯು ತಾನು ಬಯಸಿದ ಎಡೆಗೆ ಹೋಗುವುದನ್ನು ಯಾವುದು ತಡೆಯುತ್ತದೆಯೋ ಅದು ಬಂಧ. ಹಗ್ಗವೆಂದಿಲ್ಲ, ಸರಪಣಿಯೆಂದಿಲ್ಲ, ಪಂಜರವೆಂದೂ ಇಲ್ಲ. ಬಯಸಿದ ಎಡೆ ಎಂದಿದೆ. ಪಶುಪಕ್ಷಿಗಳಿಗೂ ಬಯಕೆಯುಂಟು, ಅದನ್ನು ತಡೆದರೆ ರಕ್ತ ಬರದಿದ್ದರೂ ಹಿಂಸೆಯೇ ಎಂಬ ಸಿದ್ಧಾಂತವು ಆ ಒಂದು ಪದದಲ್ಲಿ ಅಡಗಿದೆ. ಹೊಟ್ಟೆಗೆ ಹಾಕುತ್ತೇವೆ, ಬೆಕ್ಕಿನಿಂದ ಕಾಪಾಡುತ್ತೇವೆ, ಇನ್ನೇನು ಕೊರತೆ ಎಂದು ಕೇಳುವವರಿಗೆ ಇದಕ್ಕಿಂತ ಚಿಕ್ಕದಾದ ಉತ್ತರವನ್ನು ನಾನು ಬೇರೆಲ್ಲಿಯೂ ಓದಿಲ್ಲ.

ಶಾಸ್ತ್ರವು ಸೂತ್ರದಲ್ಲಿ ಹೇಳಿದುದನ್ನು ಕಥೆಯಲ್ಲಿ ಹೇಳಿದವನು ಬಾಣಭಟ್ಟ. 7ನೆಯ ಶತಮಾನದ ಅವನ ಕಾದಂಬರಿಯನ್ನು ನಾಗವರ್ಮನು ಕನ್ನಡದಲ್ಲಿ ಚಂಪೂಕಾವ್ಯವಾಗಿ ಬರೆದುದರಿಂದ ಆ ಗಿಣಿಯು ನಮ್ಮದೂ ಆಯಿತು. ವಿದಿಶೆಯ ಶೂದ್ರಕರಾಜನ ಸಭೆಗೆ ಚಂಡಾಲಕನ್ಯೆಯೊಬ್ಬಳು ಚಿನ್ನದ ಪಂಜರದಲ್ಲಿ ಒಂದು ಗಿಣಿಯನ್ನು ತರಿಸುತ್ತಾಳೆ. ಅದು ಬಲಗಾಲನ್ನೆತ್ತಿ ಜಯಶಬ್ದವನ್ನುಚ್ಚರಿಸಿ ರಾಜನ ಮೇಲೆ ಶ್ಲೋಕ ಹೇಳುತ್ತದೆ. ಸಭೆಗೆ ಆಶ್ಚರ್ಯ. ಮಂತ್ರಿ ಕುಮಾರಪಾಲಿತನಿಗೆ ಮಾತ್ರ ಆಶ್ಚರ್ಯವಿಲ್ಲ. ಗಿಣಿಗಳಿಗೆ ಹಿಂದೆ ಸ್ಪಷ್ಟವಾದ ಮಾತಿತ್ತು, ಅಗ್ನಿಯ ಶಾಪದಿಂದ ಅದು ತೊದಲಾಯಿತು ಎಂದು ವಿದ್ವಾಂಸನಿಗೆ ತಕ್ಕ ಸಮಾಧಾನವನ್ನು ಹೇಳಿಬಿಡುತ್ತಾನೆ. ಬೇರೆ ಕವಿಯಾಗಿದ್ದರೆ ಕಥೆ ಅಲ್ಲಿಗೆ ಮುಗಿಯುತ್ತಿತ್ತು. ಇಲ್ಲಿ ರಾಜನು ಊಟ ಮುಗಿಸಿ ಬಂದು, ಒಳಗೆ ರುಚಿಯಾದುದೇನಾದರೂ ತಿಂದೆಯಾ ಎಂದು ಗಿಣಿಯನ್ನು ಕೇಳುತ್ತಾನೆ. ಅದು ನೇರಿಳೆಯ ರಸ, ದಾಳಿಂಬೆಯ ಬೀಜ ಎಂದು ಎಣಿಸತೊಡಗಿದಾಗ ನಡುವೆಯೇ ತಡೆದು, ಅದೆಲ್ಲ ಹಾಗಿರಲಿ, ನೀನು ಎಲ್ಲಿ ಹುಟ್ಟಿದೆ, ತಾಯಿ ಯಾರು, ತಂದೆ ಯಾರು, ಈ ಪಂಜರಕ್ಕೆ ಹೇಗೆ ಬಂದೆ ಎಂದು ಕೇಳುತ್ತಾನೆ.

ತಿಂಡಿಯ ಮಾತನ್ನು ಬದಿಗಿಟ್ಟು ಪಂಜರದ ಹಕ್ಕಿಯನ್ನು ಹೀಗೆ ಕೇಳಿದವರು ಮತ್ತಾರೂ ನನ್ನ ಓದಿಗೆ ಸಿಕ್ಕಿಲ್ಲ. ಕೇಳಿದೊಡನೆ ಗಿಣಿಯ ಬಾಯಿಂದ ಶ್ಲೋಕವೂ ಹೊರಡುವುದಿಲ್ಲ, ಶಾಸ್ತ್ರವೂ ಹೊರಡುವುದಿಲ್ಲ. ಪಂಪಾಸರೋವರದ ದಡ, ಅಲ್ಲೊಂದು ಮುದಿ ಬೂರುಗದ ಮರ, ಅದರ ಪೊಟರೆಗಳ ತುಂಬ ಗಿಣಿಗಳ ಸಂಸಾರ. ಹೆರುವ ಸಂಕಟದಲ್ಲಿಯೇ ತಾಯಿ ತೀರಿಕೊಂಡಳು. ರೆಕ್ಕೆ ಬಿದ್ದುಹೋದ ಮುದಿ ತಂದೆಯು ಬೇರೆ ಗೂಡುಗಳಿಂದ ಉದುರಿದ ಕಾಳುಗಳನ್ನು ಆಯ್ದು ತಂದು ಮಗುವಿಗೆ ತಿನ್ನಿಸಿ ಮಿಕ್ಕುದನ್ನು ತಾನು ತಿಂದನು. ಒಂದು ಬೆಳಗ್ಗೆ ಬೇಟೆಯ ಗದ್ದಲ. ಮುದಿ ಶಬರನೊಬ್ಬನು ಮರ ಹತ್ತಿ, ಹಣ್ಣು ಕೀಳುವಂತೆ ಗಿಣಿಗಳನ್ನು ಒಂದೊಂದಾಗಿ ತೆಗೆದು ಕತ್ತು ಮುರಿದು ಕೆಳಗೆಸೆದನು. ತಂದೆಯು ಮರಿಯನ್ನು ರೆಕ್ಕೆಯೊಳಗೆ ಅಡಗಿಸಿಕೊಂಡೇ ಸತ್ತನು. ಒಣಗಿದೆಲೆಗಳ ರಾಶಿಯ ಮೇಲೆ ಬಿದ್ದ ಮರಿಯು ಬಾಯಾರಿಕೆಯಿಂದ ನೀರಿನ ಕಡೆಗೆ ತೆವಳಿತು. ಪಂಪಾಸರಸ್ಸು ಆನೆಗೊಂದಿಯ ಬಳಿಯದೆಂಬುದು ನಮ್ಮ ಜನರ ನಂಬಿಕೆಯಾದುದರಿಂದ ಈ ದುಃಖವು ನಮ್ಮ ನಾಡಿನ ಮಣ್ಣಿನಲ್ಲಿಯೇ ನಡೆದಂತೆ ಕನ್ನಡ ಓದುಗರಿಗೆ ತೋರುತ್ತದೆ.

ಬಾಣನು ತೀರಿಕೊಂಡ ಮೇಲೆ ಅವನ ಮಗನು ಪೂರ್ಣಮಾಡಿದ ಉತ್ತರಭಾಗದಲ್ಲಿ ಇನ್ನೊಂದು ಪ್ರಸಂಗವುಂಟು. ಇದನ್ನು ಗಮನಿಸುವವರು ಕಡಮೆ. ಬಲೆಗೆ ಸಿಕ್ಕಿ ಪಂಜರಕ್ಕೆ ಬಿದ್ದ ಮೊದಲ ದಿನ ಗಿಣಿಯು ಮಾತಾಡಬಾರದೆಂದು ನಿಶ್ಚಯಿಸುತ್ತದೆ. ಕರೆದರೂ ಗದರಿಸಿದರೂ ಹೊಡೆದರೂ ತನ್ನ ಹಕ್ಕಿದನಿಯಲ್ಲಿ ಕಿರುಚುತ್ತದೆಯೇ ಹೊರತು ಮನುಷ್ಯರ ಮಾತನ್ನಾಡುವುದಿಲ್ಲ; ತಂದಿಟ್ಟುದನ್ನು ತಿನ್ನುವುದಿಲ್ಲ. ಮನುಷ್ಯರಂತೆ ಮಾತಾಡುವ ಹಕ್ಕಿಯನ್ನು ಯಾರು ತಾನೆ ಬಿಟ್ಟಾರು ಎಂಬುದು ಅದಕ್ಕೆ ಗೊತ್ತು. ಈ ಗಿಣಿಯು ಪೂರ್ವಜನ್ಮದಲ್ಲಿ ಮುನಿಕುಮಾರನಾಗಿತ್ತೆಂದೂ, ಸೆರೆಯಿಟ್ಟವಳು ಅವನ ತಾಯಿಯಾದ ಲಕ್ಷ್ಮಿಯೇ ಎಂದೂ ಕಥೆಯು ಕೊನೆಗೆ ಬಿಚ್ಚಿಕೊಳ್ಳುತ್ತದೆ. ಆದುದರಿಂದ ಇದು ಹಕ್ಕಿಯ ಮನಸ್ಸಲ್ಲ, ಹಕ್ಕಿಯ ವೇಷದ ಮನುಷ್ಯನ ಮನಸ್ಸೆಂದು ಆಕ್ಷೇಪಿಸಬಹುದು. ಆಕ್ಷೇಪವು ಸರಿಯೇ. ಆದರೂ ಪೊಟರೆಯ ಕತ್ತಲೆ, ತಂದೆಯ ಎದೆಯ ಬಿಸಿ, ಬಿದ್ದಾಗಿನ ಎಲೆಗಳ ಸದ್ದು, ಇವನ್ನು ಮುನಿಕುಮಾರನಿಂದ ಕಲಿಯಲಾಗದು. ಯಾರೋ ಒಬ್ಬನು ಗಿಣಿಯ ಗೂಡಿನ ಕೆಳಗೆ ಬಹಳ ಹೊತ್ತು ನಿಂತು ನೋಡಿರಬೇಕು.

ನಮ್ಮ ಕವಿಗಳಲ್ಲಿ ಆ ಮೇಲೆ ಗಿಣಿಯು ಬಹುಮಟ್ಟಿಗೆ ಉಪಮಾನವಾಯಿತು. ಪುರಂದರದಾಸರ ಹೆಸರಿನ ಪ್ರಸಿದ್ಧವಾದ ಪದವೊಂದರಲ್ಲಿ ಬರಿದಾದ ಪಂಜರವು ಪ್ರಾಣ ಹೋದ ದೇಹ. ಬೇಲೂರಿನಲ್ಲಿ, 1117ರಲ್ಲಿ ವಿಷ್ಣುವರ್ಧನನು ಪ್ರತಿಷ್ಠೆಮಾಡಿಸಿದ ದೇವಾಲಯದಲ್ಲಿ, ಶುಕಭಾಷಿಣಿಯು ಗಿಣಿಯೊಡನೆ ಮಾತಾಡುತ್ತ ನಿಂತಿದ್ದಾಳೆ. ನಮ್ಮ ಕಣ್ಣು ಅವಳ ಮೇಲೆ ನಿಲ್ಲುವುದೇ ಹೊರತು ಗಿಣಿಯ ಮೇಲಲ್ಲ. ಸಾಕಿದ ಪ್ರಾಣಿಯ ಗುಣವನ್ನು ಕನ್ನಡಿಗರು ಅರಿಯದವರೆಂದು ಇದರಿಂದ ಹೇಳುವಂತಿಲ್ಲ. ಮದ್ದೂರು ತಾಲ್ಲೂಕಿನ ಆತಕೂರಿನಲ್ಲಿ, 10ನೆಯ ಶತಮಾನದ ಮಧ್ಯದಲ್ಲಿ, ಹಂದಿಯೊಡನೆ ಹೋರಾಡಿ ಮಡಿದ ಕಾಳಿಯೆಂಬ ನಾಯಿಗೆ ಮಣಲೇರನು ಕಲ್ಲು ನಿಲ್ಲಿಸಿ, ಪೂಜೆಗೆ ಭೂಮಿಯನ್ನೂ ಬಿಡಿಸಿದನು. ಆ ಕಲ್ಲು ಈಗ ಬೆಂಗಳೂರಿನ ವಸ್ತುಸಂಗ್ರಹಾಲಯದಲ್ಲಿದೆ. ನಾಯಿಯು ನಮ್ಮೊಡನೆ ಬೇಟೆಗೆ ಬಂದಿತು, ನಮ್ಮ ಕಣ್ಣೆದುರಿಗೆ ಸತ್ತಿತು, ಕಲ್ಲು ಸಿಕ್ಕಿತು. ಗಿಣಿಯು ಕೋಲಿನ ಮೇಲೆ ಕುಳಿತಲ್ಲಿಯೇ ಮುದಿಯಾಗುತ್ತದೆ. ಅದರ ಕಷ್ಟಕ್ಕೆ ಕಥಾವಸ್ತುವೇ ಇಲ್ಲ.

ಈಗ ಹಕ್ಕಿಯ ವಿಷಯಕ್ಕೆ ಬರೋಣ. ನಮ್ಮ ಕಡೆಯ ಸಾಮಾನ್ಯವಾದ ಗಿಣಿಯು ಹಸುರು ಮೈಯದು. ಬೆಳೆದ ಗಂಡಿಗೆ ಕೊರಳಲ್ಲಿ ಗುಲಾಬಿ ಬಣ್ಣದ ಕಂಠಿಯಿರುತ್ತದೆ. ದೇವನಹಳ್ಳಿ ಹೊಸಕೋಟೆಗಳ ಸೀಬೆ ತೋಟದವರಿಗೆ ಇದರ ಪರಿಚಯವನ್ನು ಹೇಳಬೇಕಾದುದಿಲ್ಲ. ಹಿಂಡುಹಿಂಡಾಗಿ ಬಂದು ಒಂದೊಂದು ಹಣ್ಣನ್ನೂ ಒಂದೊಂದು ಸಲ ಕಚ್ಚಿ ಬಿಸಾಡುವ ಹಕ್ಕಿಯಿದು. ಹಿಂಡನ್ನು ಡಬ್ಬ ಬಡಿದು ಓಡಿಸುವ ಮನೆಯವರೇ ಒಂಟಿ ಗಿಣಿಗೆ ನೆನೆಸಿದ ಕಡಲೆಯನ್ನಿಟ್ಟು ಮುದ್ದಿಸುತ್ತಿದ್ದರೆಂಬುದು ವಿಚಿತ್ರವಾದರೂ ನಿಜ. ಈ ಪಕ್ಷಿಯು ಒಂಟಿಯಾಗಿರುವುದನ್ನು ಪ್ರಕೃತಿಯಲ್ಲಿ ಕಾಣುವುದೇ ಕಷ್ಟ. ಹಗಲು ಮೇಯುವುದು ಗುಂಪಿನಲ್ಲಿ. ಸಂಜೆ ನೂರಾರು ಹಕ್ಕಿಗಳು ಒಂದೇ ಮರಕ್ಕೆ ಬಂದು ಕತ್ತಲಾಗುವವರೆಗೆ ಕೂಗಾಡಿ ನಿದ್ರೆಮಾಡುವುದು. ಆ ಕೂಗಾಟವು ನಮಗೆ ಗದ್ದಲ. ಅವಕ್ಕೆ ಅದೇ ನೆಂಟಸ್ತಿಕೆ. ಗಿಣಿಯ ಕುಲವೆಲ್ಲ ಧ್ವನಿಯನ್ನು ಕೇಳಿ ಕಲಿಯುವ ಕುಲ. ಜೊತೆಯವರ ಕರೆಗೆ ತಮ್ಮ ಕರೆಯನ್ನು ಹೊಂದಿಸಿಕೊಂಡು ತಾವು ಇವರವರೆಂದು ತಿಳಿಸುತ್ತವೆ. ದಕ್ಷಿಣ ಅಮೆರಿಕದ ವೆನಿಜುವೆಲ ದೇಶದಲ್ಲಿರುವ ಕಿರುಗಿಣಿಯೊಂದರ ಗೂಡುಗಳನ್ನು ಪರೀಕ್ಷಿಸಿ ಕಾರ್ಲ್ ಬರ್ಗ್ ಎಂಬ ವಿದ್ವಾಂಸರು ಮತ್ತು ಅವರ ಸಹೋದ್ಯೋಗಿಗಳು 2011ರಲ್ಲಿ ಪ್ರಕಟಿಸಿದ ಸಂಗತಿಯು ನಾಮಕರಣದ ಸಂಸ್ಕಾರವುಳ್ಳ ನಮ್ಮಂಥವರಿಗೆ ವಿಶೇಷವಾಗಿ ರುಚಿಸತಕ್ಕದ್ದು: ಮರಿಗಳು ಗೂಡಿನಲ್ಲಿರುವಾಗಲೇ ಅವುಗಳ ಒಂದೊಂದು ಕರೆಯೂ ಬೇರೆಬೇರೆಯಾಗಿರುತ್ತದೆ, ಆ ಕರೆಯನ್ನು ಅವು ಕಲಿಯುವುದು ತಂದೆತಾಯಿಗಳಿಂದ.

ಇದನ್ನು ತಿಳಿದ ಮೇಲೆ ಪಂಜರದ ಗಿಣಿಯ ಮಾತಿನ ಅರ್ಥವೇ ಬದಲಾಗುತ್ತದೆ. ಸ್ವತಂತ್ರವಾಗಿರುವ ಗಿಣಿಯು ಸಾಮಾನ್ಯವಾಗಿ ಮನುಷ್ಯನ ಮಾತನ್ನು ಅನುಕರಿಸುವುದಿಲ್ಲ. ದಿನವೂ ಊರ ಮರದ ಮೇಲೆ ಕುಳಿತು ನಮ್ಮ ಜಗಳಗಳನ್ನೆಲ್ಲ ಕೇಳಿಯೂ ಅದರಲ್ಲೊಂದು ಪದವನ್ನೂ ಎತ್ತಿಕೊಳ್ಳುವುದಿಲ್ಲ. ಅದಕ್ಕೆ ಅವಶ್ಯಕತೆಯಿಲ್ಲ. ಕಣ್ಣು ತೆರೆಯುವ ಮುಂಚೆ ಪೊಟರೆಯಿಂದ ಕದ್ದ ಮರಿಗಾದರೋ ತನ್ನವರ ಕರೆಯು ಕೇಳಿಸುವುದಿಲ್ಲ. ಕೇಳಿಸುವುದು ನಮ್ಮ ಮನೆಯ ಕರೆ. ಹಿಂಡೆಂದರೆ ನಾವೇ ಎಂದು ತಿಳಿದು, ಹಿಂಡಿನ ಭಾಷೆಯನ್ನು ಕಲಿತು, ನಮ್ಮನ್ನು ಕೂಗುತ್ತದೆ. ನಾವು ಎರಡು ಸಾವಿರ ವರ್ಷಗಳಿಂದ ಕಲೆಯೆಂದು ಎಣಿಸಿ ಮೆಚ್ಚಿಕೊಂಡು ಬಂದ ಆ ಚೆಂದದ ಮಾತು ಹಕ್ಕಿಯ ಒಂಟಿತನದಿಂದ ಹುಟ್ಟಿದುದು. ಅಂಗಳದಲ್ಲಿ ಎಲ್ಲರೂ ಒಳಗೆ ಹೋದ ಮೇಲೆ ಗಿಣಿಯು ಇನ್ನೂ ಜೋರಾಗಿ ಕೂಗುವುದನ್ನು ಕಂಡವರಿಗೆ ಈ ಮಾತು ಅತಿಶಯೋಕ್ತಿಯೆಂದು ತೋರದು.

ದೊಡ್ಡಬಳ್ಳಾಪುರದ ನೇಕಾರರ ಮನೆಯೊಂದರಲ್ಲಿ, ನಾನು ಪಾಠಶಾಲೆಯ ವಿದ್ಯಾರ್ಥಿಯಾಗಿದ್ದ ಕಾಲದಲ್ಲಿ, ಒಂದು ಗಿಣಿಯಿತ್ತು. ಅದು ಮೊದಲು ಕಲಿತದ್ದು ರಾಮನಾಮವನ್ನಲ್ಲ. ಮಗ್ಗದಲ್ಲಿ ಲಾಳಿ ಓಡುವ ಸದ್ದನ್ನು. ಮಗ್ಗ ನಿಂತ ಹಬ್ಬದ ದಿನಗಳಲ್ಲಿ ಅದೊಂದೇ ಆ ಸದ್ದನ್ನು ನಡೆಸುತ್ತಿತ್ತು, ಬೀದಿಯವರು ನಗುತ್ತಿದ್ದರು. ಆಮೇಲೆ ಮನೆಯ ಅಜ್ಜಿಯ ದನಿಯಲ್ಲಿ ಮಗನ ಹೆಸರನ್ನು ಕೂಗಲು ಕಲಿಯಿತು. ದಿನವೆಲ್ಲ ಅದರ ಬಳಿ ಕುಳಿತು ಮಾತಾಡುತ್ತಿದ್ದವಳು ಅಜ್ಜಿಯೊಬ್ಬಳೇ. ಆಕೆ ತೀರಿಕೊಂಡ ಮೇಲೆಯೂ ಸಂಜೆ ದೀಪ ಹಚ್ಚುವ ಹೊತ್ತಿಗೆ ಪಂಜರದಿಂದ ಆಕೆಯ ದನಿ ಬರುತ್ತಿತ್ತು, ಮಗನ ಹೆಸರು ಬರುತ್ತಿತ್ತು. ಮನೆಯವರಿಗೆ ಅದನ್ನು ಸಹಿಸುವುದು ಕಷ್ಟವಾಗಿ ಪಂಜರವನ್ನು ಹಿತ್ತಿಲಿಗೆ ಒಯ್ದು ತೂಗುಹಾಕಿದರು. ಅಲ್ಲಿ ಅದು ಎದೆಯ ಗರಿಗಳನ್ನು ತಾನೇ ಕಿತ್ತುಕೊಳ್ಳತೊಡಗಿತು. ಹೇನಿನ ಕಾಟವಿರಬೇಕೆಂದು ಅರಿಸಿನದ ನೀರನ್ನು ಚಿಮುಕಿಸಿದರು. ಎದೆಯೆಲ್ಲ ಬೋಳಾದ ಮೇಲೆ ಒಂದು ದಿನ ಮಗನೇ ಹೋಗಿ ಬಾಗಿಲನ್ನು ತೆರೆದಿಟ್ಟನಂತೆ. ಹಕ್ಕಿಯು ಹೊರಗೆ ಬಂದು ಪಂಜರದ ನೆತ್ತಿಯ ಮೇಲೆ ಕುಳಿತುಕೊಂಡಿತು. ಕತ್ತಲಾಗುವಾಗ ಒಳಗೆ ಹೋಯಿತು.

ಇದನ್ನು ವಿಶ್ವಾಸವೆಂದು ಹೊಗಳುವವರುಂಟು. ಘಾಟಿ ಸುಬ್ರಹ್ಮಣ್ಯದ ದನಗಳ ಜಾತ್ರೆಯಂಥ ಕಡೆಗಳಲ್ಲಿ ಗಿಣಿಶಾಸ್ತ್ರ ಹೇಳುವವರನ್ನು ನೋಡಿದವರು ಸ್ವಲ್ಪ ಯೋಚಿಸಿ ಹೇಳಬೇಕು. ಬಾಗಿಲನ್ನೆತ್ತಿದ ಕೂಡಲೆ ಗಿಣಿಯು ಹೊರಗೆ ನಡೆದು ಬರುತ್ತದೆ, ಸಾಲಾಗಿಟ್ಟ ಚೀಟಿಗಳಲ್ಲೊಂದನ್ನು ಕೊಕ್ಕಿನಿಂದ ಎಳೆದು ಕೊಡುತ್ತದೆ, ಒಂದು ಕಾಳನ್ನು ಪಡೆದು ತಾನಾಗಿಯೇ ತಿರುಗಿ ಒಳಗೆ ಹೋಗುತ್ತದೆ. ಮೇಲೆ ಆಕಾಶವೆಲ್ಲ ತೆರೆದಿದೆ. ರೆಕ್ಕೆಯ ಗರಿಗಳನ್ನು ಕತ್ತರಿಸಿರುವುದು ಒಂದು ಕಾರಣ. ಹೊರಗೆ ತನ್ನವರೆಂಬವರು ಯಾರೂ ಇಲ್ಲದಿರುವುದು ಎರಡನೆಯದು. ಮುಂದೆ ಕುಳಿತವನ ಮದುವೆ, ಕೋರ್ಟು ವ್ಯವಹಾರ, ಪ್ರಯಾಣಯೋಗ ಇವೆಲ್ಲ ಚೀಟಿಯಲ್ಲಿ ಇರುತ್ತವೆ. ಪ್ರಯಾಣಯೋಗವನ್ನು ಎಳೆದು ಕೊಟ್ಟ ಹಕ್ಕಿಗೆ ಮಾತ್ರ ಎರಡಡಿಯ ಪ್ರಯಾಣ.

ಈ ವಾಡಿಕೆಗೆ ಕಾನೂನಿನ ಕಡೆಯಿಂದ ತಡೆ ಬಂದುದು ಇತ್ತೀಚೆಗೆ. 1972ರಲ್ಲಿ ವನ್ಯಜೀವಿ ಸಂರಕ್ಷಣೆಯ ಕಾಯಿದೆಯಾಯಿತು. 1990-91ರಲ್ಲಿ ನಮ್ಮ ದೇಶದ ಪಕ್ಷಿಗಳ ವ್ಯಾಪಾರವೆಲ್ಲವೂ ನಿಷಿದ್ಧವಾಯಿತು. ಈಗ ಈ ಗಿಣಿಯನ್ನು ಹಿಡಿಯುವುದೂ ಮಾರುವುದೂ ಮನೆಯಲ್ಲಿಟ್ಟುಕೊಳ್ಳುವುದೂ ಅಪರಾಧ. 2015ರಲ್ಲಿ ದೆಹಲಿಯ ಉಚ್ಚ ನ್ಯಾಯಾಲಯವು ಆಕಾಶದಲ್ಲಿ ಹಾರುವುದು ಪಕ್ಷಿಗಳ ಮೂಲಭೂತವಾದ ಹಕ್ಕೆಂದು ಅಭಿಪ್ರಾಯಪಟ್ಟಿತು. ಪೂಜ್ಯಪಾದರ ‘ಬಯಸಿದ ಎಡೆ’ಗೆ ಇದು ಹತ್ತಿರ ಬಂದಿದೆ. ವಿಜ್ಞಾನಿಗಳೂ ತಮ್ಮ ದಾರಿಯಿಂದ ಅಲ್ಲಿಗೇ ಬಂದರು. ವಿಯೆನ್ನಾ ನಗರದ ವಿದ್ವಾಂಸರು ಆಫ್ರಿಕದ ಬೂದುಗಿಣಿಗಳ ರಕ್ತವನ್ನು ಪರೀಕ್ಷಿಸಿ 2014ರಲ್ಲಿ ಪ್ರಕಟಿಸಿದಂತೆ, ಜೀವಕಣದಲ್ಲಿರುವ ವರ್ಣತಂತುಗಳ ತುದಿಯು ವಯಸ್ಸಾದಂತೆ ಸವೆಯುತ್ತ ಬರುತ್ತದೆ. ಒಂಟಿಯಾಗಿ ಸಾಕಿದ 9 ವರ್ಷದ ಹಕ್ಕಿಯಲ್ಲಿ ಆ ಸವೆತವು, ಜೊತೆಯಲ್ಲಿ ಸಾಕಿದ, ಅದಕ್ಕಿಂತ 23 ವರ್ಷ ಹಿರಿಯದಾದ ಹಕ್ಕಿಯಲ್ಲಿರುವಷ್ಟು ಇತ್ತು. ಒಂಟಿತನವೆಂಬುದು ಕವಿಗಳ ಆರೋಪವಲ್ಲ, ರಕ್ತದಲ್ಲಿ ಕಾಣುವ ಸಂಗತಿ.

ಆದರೂ ಪಂಜರವು ಹೋಗಿಲ್ಲ. ಒಳಗಿನ ಹಕ್ಕಿ ಬದಲಾಗಿದೆ. 2008ರಲ್ಲಿ ದೇವನಹಳ್ಳಿಯ ಬಳಿ ವಿಮಾನನಿಲ್ದಾಣವು ತೆರೆದ ಮೇಲೆ ಸುತ್ತಮುತ್ತ ಎದ್ದಿರುವ ಬಹುಮಹಡಿಯ ಮನೆಗಳ ಬಾಲ್ಕನಿಗಳಲ್ಲಿ ಆಸ್ಟ್ರೇಲಿಯದ ಬಜ್ರಿಗಾರಗಳನ್ನೂ ಆಫ್ರಿಕದ ಲವ್‌ಬರ್ಡುಗಳನ್ನೂ ಕಾಣಬಹುದು. ಇವುಗಳನ್ನು ಸಾಕಲು ಅಂಥಾ ನಿಷೇಧವಿಲ್ಲ. ಬಜ್ರಿಗಾರವಂತೂ ತನ್ನ ದೇಶದಲ್ಲಿ ಸಾವಿರಗಟ್ಟಲೆ ಸೇರಿ, ಮಳೆ ಬಿದ್ದ ದಿಕ್ಕನ್ನು ಹುಡುಕಿಕೊಂಡು ಹೋಗುವ ಪಕ್ಷಿ. ಇಬ್ಬರೂ ಕೆಲಸಕ್ಕೆ ಹೋಗುವ ಮನೆಗಳಲ್ಲಿ ಮಗುವಿಗೆ ಜೊತೆಯಾಗಲೆಂದು ತರುತ್ತಾರೆ. ಮಗು ಶಾಲೆಗೆ ಹೋದ ಮೇಲೆ ಹಕ್ಕಿಗೆ ಜೊತೆ ಯಾರೆಂಬುದನ್ನು ಯೋಚಿಸಿದವರು ಎರಡನೆಯದೊಂದನ್ನು ತರುತ್ತಾರೆ. ತಂದುದೇ ಆದರೆ ಅಷ್ಟಾದರೂ ಮಾಡತಕ್ಕದ್ದು.

ನಮ್ಮ ಸೀಮೆಯ ಗಿಣಿಯು ಈಗಲೂ ಪಂಜರದಲ್ಲಿರುವ ಮನೆಗಳು ಇಲ್ಲದಿಲ್ಲ. ಅಂಥವರು ದಯೆಯಿಂದಲೇ ಆದರೂ ಒಂದು ದಿನ ಬಾಗಿಲನ್ನು ತೆರೆದು ಅಟ್ಟಿಬಿಡುವುದು ತಕ್ಕುದಲ್ಲ. ಮರಿಯಾಗಿದ್ದಾಗಿನಿಂದ ಕೈಯಲ್ಲಿ ಬೆಳೆದುದಕ್ಕೆ ಹಾರಲು ಬಲವಿಲ್ಲ, ಕಾಗೆ ಗಿಡುಗಗಳ ಭಯ ತಿಳಿಯದು. ಅರಣ್ಯ ಇಲಾಖೆಗೆ ಒಪ್ಪಿಸುವುದು ಸರಿಯಾದ ದಾರಿ. ಪಕ್ಷಿಗಳನ್ನು ಉಪಚರಿಸುವ ಸ್ಥಳಗಳಲ್ಲಿ ಇಂಥಾ ಗಿಣಿಯನ್ನು ಒಡನೆಯೇ ಹೊರಗೆ ಬಿಡುವುದಿಲ್ಲ. ಕತ್ತರಿಸಿದ ಗರಿಗಳು ಉದುರಿ ಹೊಸವು ಬರುವವರೆಗೆ ತಿಂಗಳುಗಟ್ಟಲೆ ಕಾಯುತ್ತಾರೆ; ಹಾರಲು ಎಡೆಯುಳ್ಳ ದೊಡ್ಡ ಗೂಡಿನಲ್ಲಿ ಅದರ ಜಾತಿಯ ಬೇರೆ ಗಿಣಿಗಳೊಡನೆ ಇರಿಸುತ್ತಾರೆ; ನೋಡಿಕೊಳ್ಳುವವರು ಅದರ ಎದುರಿನಲ್ಲಿ ಆದಷ್ಟು ಮಾತಾಡದೆ ಇರುತ್ತಾರೆ.